ಜಡ್ಡಿಲ್ಲದವನ ಕೈ

ದಾವಣಗೆರೆಯಲ್ಲಿ ನನ್ನ ಬಗ್ಗೆ ಒಂದು ಕಥೆ ಓಡಾಡುತ್ತಿದೆ. ನೀವು ಈಗಾಗಲೇ ಕೇಳಿರಬಹುದು. ಕೇಳಿರದಿದ್ದರೆ ಮಂಡಕ್ಕಿ ಮೆಣಸಿನಕಾಯಿ ಕೊಡುವ ಯಾವ ಅಂಗಡಿಯ ಬೆಂಚಿನ ಮೇಲೆ ಅರ್ಧ ಗಂಟೆ ಕೂತರೂ ಕೇಳಬಹುದು. ಕಾಲೇಜಿನಲ್ಲಿ ಕೆಲಸ ಮಾಡುವ ಒಬ್ಬ ಬಿ.ಎಸ್‌ಸಿ. ಹುಡುಗ, ದೇವರು ದಿಂಡರು ಯಾವುದನ್ನೂ ನಂಬದ ಉದ್ಧಟ, ಹರಿಹರದಲ್ಲಿ ಕಾಮಾಲೆಗೆ ಔಷಧ ಕೊಡುವ ಅಜ್ಜನನ್ನು ಪರೀಕ್ಷೆ ಮಾಡಲು ಹೋದನಂತೆ. ಜಡ್ಡಿಲ್ಲದ ತನ್ನ ಕೈಯನ್ನು ಜಡ್ಡಿನವರ ಹಾಗೆ ಮುಂದೆ ಚಾಚಿದನಂತೆ. ಅಜ್ಜ ಕೈ ತೊಳೆಸಿ, ನೀರು ನೋಡಿ, 'ನಿನಗೂ ಐತೆ' ಅಂದನಂತೆ. ಹುಡುಗ ನಕ್ಕನಂತೆ. ಹದಿನೆಂಟನೆಯ ದಿನ ಅವನ ಕಣ್ಣು ಚೆಂಡುಹೂವಿನ ಹಾಗೆ ಹಳದಿಯಾದವಂತೆ. ಕೊನೆಗೆ ಅದೇ ಅಜ್ಜನ ಔಷಧ ಕುಡಿದು ಬದುಕಿದನಂತೆ. ಕೇಳಿದವರು ಇಷ್ಟಕ್ಕೆ ತಲೆದೂಗಿ, ಚಹಾ ಮುಗಿಸಿ, ಎದ್ದು ಹೋಗುತ್ತಾರೆ.

ಆ ಹುಡುಗ ನಾನು. ಕಥೆಯಲ್ಲಿ ಒಂದಕ್ಷರವೂ ಸುಳ್ಳಿಲ್ಲ. ನನ್ನ ತಕರಾರು ಇರುವುದೇ ಅಲ್ಲಿ. ಎದುರು ಪಕ್ಷದವನು ಸುಳ್ಳು ಹೇಳಿದರೆ ಅವನನ್ನು ಕೆಡವುವುದು ನನಗೆ ಐದು ನಿಮಿಷದ ಕೆಲಸ. ಬರೀ ನಿಜಗಳನ್ನೇ ಸಾಲಾಗಿ ಜೋಡಿಸಿಟ್ಟು ಕೂತುಬಿಟ್ಟರೆ ಏನು ಮಾಡುವುದು? ಆಗ ಜೋಡಿಸದೆ ಬಿಟ್ಟದ್ದು ಯಾವುದು ಎಂದು ಹುಡುಕಬೇಕು. ಈ ಕಥೆಯಿಂದ ಬಿಟ್ಟುಹೋದವರು ನಮ್ಮ ವಠಾರದ ಗಿರಿಜಕ್ಕ. ಇದನ್ನು ನಂಬಿ ಆಸ್ಪತ್ರೆ ಬಿಟ್ಟು ಹರಿಹರದ ಬಸ್ಸು ಹತ್ತಿದವರಲ್ಲಿ ಆಕೆಯೂ ಒಬ್ಬರು. ಆಕೆ ಈಗ ಇಲ್ಲ.

ಮೊದಲು ನನ್ನ ಯೋಗ್ಯತೆ ಹೇಳಿಬಿಡುತ್ತೇನೆ, ಆಮೇಲೆ ನಿಮಗೆ ಆಶ್ಚರ್ಯವಾಗಬಾರದು. ನಾನು ರಸಾಯನಶಾಸ್ತ್ರದ ಡೆಮಾನ್‌ಸ್ಟ್ರೇಟರ್. ಅಂದರೆ ಪ್ರೊಫೆಸರರು ಬಾಯಲ್ಲಿ ಹೇಳಿದ್ದನ್ನು ಹುಡುಗರ ಕಣ್ಣಮುಂದೆ ಮಾಡಿ ತೋರಿಸುವವನು. ಆಗದೇ ಹೋದಾಗ ಯಾಕೆ ಆಗಲಿಲ್ಲ ಎಂದು ವಿವರಿಸುವವನು. ಎರಡನೆಯ ಕೆಲಸವೇ ಹೆಚ್ಚು. ಆದರೆ ನಾನು ಹೆಸರು ಮಾಡಿದ್ದು ಗಾಜಿನ ನಳಿಕೆಯಿಂದಲ್ಲ, ನಾಲಿಗೆಯಿಂದ. ಓದುವಾಗ 'ವಿಜ್ಞಾನದಿಂದ ಮಾನವನಿಗೆ ಒಳಿತೇ ಆಗಿದೆ' ಎಂಬ ವಿಷಯದ ಪರವಾಗಿ ಮಾತಾಡಿ ಒಂದು ಬೆಳ್ಳಿಬಣ್ಣದ ಕಪ್ಪು ಗೆದ್ದೆ. ಮರುವರ್ಷವೂ ಅದೇ ವಿಷಯ ಇಟ್ಟರು, ಚೀಟಿ ಎತ್ತಿದಾಗ ನನಗೆ ವಿರೋಧ ಬಂತು, ಅದನ್ನೂ ಗೆದ್ದೆ. ಎರಡೂ ಕಪ್ಪು ಮನೆಯಲ್ಲಿವೆ. ಒಂದರಲ್ಲಿ ಅವ್ವ ಸಾಸಿವೆ ಇಟ್ಟಿದ್ದಾಳೆ, ಇನ್ನೊಂದರಲ್ಲಿ ಜೀರಿಗೆ. ಅವೆರಡರ ನಡುವೆ ನನ್ನ ಸ್ವಂತ ಅಭಿಪ್ರಾಯ ಎಲ್ಲಿತ್ತು ಎಂದು ಯಾವ ತೀರ್ಪುಗಾರರೂ ಕೇಳಲಿಲ್ಲ. ನಾನೂ ಹುಡುಕಲಿಲ್ಲ.

ಆನೆಕೊಂಡದ ಕಡೆ ಹೋಗುವ ರಸ್ತೆಯಲ್ಲಿ ನಮ್ಮ ವಠಾರ. ನಡುವೆ ಅಂಗಳ, ಅಂಗಳದಲ್ಲಿ ಎಲ್ಲರಿಗೂ ಸೇರಿ ಒಂದು ಬಾವಿ, ಬಾವಿಯ ಆಚೆ ಗೋಡೆಗೆ ಒರಗಿದಂತೆ ಎಲ್ಲರಿಗೂ ಸೇರಿ ಒಂದು ಕಕ್ಕಸು. ನಾನೂ ಅವ್ವನೂ ಒಂದು ಮನೆ. ಎದುರು ಮನೆಯಲ್ಲಿ ಚನ್ನಪ್ಪನವರು, ಅವರ ಹೆಂಡತಿ ಗಿರಿಜಕ್ಕ. ಚನ್ನಪ್ಪನವರು ಮಿಲ್ಲಿನಲ್ಲಿ ಮಗ್ಗ ನಡೆಸುವವರು. ದಿನವೆಲ್ಲ ಆ ಸದ್ದಿನಲ್ಲಿ ನಿಂತು ನಿಂತು ಮಾತು ನಿಷ್ಪ್ರಯೋಜಕ ಎಂಬ ತೀರ್ಮಾನಕ್ಕೆ ಬಂದ ಮನುಷ್ಯ. ಅವರ ಪಾಲಿನ ಮಾತನ್ನೂ ಗಿರಿಜಕ್ಕನೇ ಆಡುತ್ತಿದ್ದರು. ಆನಗೋಡಿನ ಕಡೆಯವರು, ನಾಲ್ಕನೇ ಇಯತ್ತೆಗೆ ಶಾಲೆ ಬಿಟ್ಟವರು, ಮದುವೆಯಾಗಿ ಆರು ವರ್ಷದ ಮೇಲೆ ಬಸುರಾಗಿದ್ದರು. ಸಂಜೆ ನಾನು ಕಾಲೇಜಿನಿಂದ ಬಂದರೆ ಒಂದು ರೊಟ್ಟಿ, ಅದರ ಮೇಲೆ ಶೇಂಗಾ ಚಟ್ನಿಪುಡಿ ಇಟ್ಟು ತಂದುಕೊಟ್ಟು, ಇವತ್ತು ಹುಡುಗರಿಗೆ ಏನು ಹೇಳಿಕೊಟ್ಟಿರಿ ಎಂದು ಕೇಳುವುದು ಆಕೆಯ ವಾಡಿಕೆ. ನಾನು ಹೇಳುತ್ತಿದ್ದೆ. ಆಕೆ ರೊಟ್ಟಿ ಮುಗಿಯುವ ತನಕ ಕೇಳಿ, ಕೊನೆಗೆ ಒಂದು ಪ್ರಶ್ನೆ ಹಾಕಿ ಎದ್ದು ಹೋಗುತ್ತಿದ್ದರು. ಆ ಪ್ರಶ್ನೆಗೆ ಉತ್ತರ ಹುಡುಕಲು ನಾನು ಮರುದಿನ ಲೈಬ್ರರಿಗೆ ಹೋದದ್ದುಂಟು. ಈ ವಿಷಯವನ್ನು ಸ್ಟಾಫ್ ರೂಮಿನಲ್ಲಿ ಹೇಳಿದವನಲ್ಲ.

ಆ ಬೇಸಿಗೆಯಲ್ಲಿ ಚನ್ನಪ್ಪನವರಿಗೆ ಕಾಮಾಲೆಯಾಯಿತು. ಕಾಮಾಲೆ ಎಂದರೆ ನಮ್ಮ ಕಡೆ ಡಾಕ್ಟರರ ಬಳಿ ಹೋಗುವ ಕಾಯಿಲೆಯಲ್ಲ, ಹರಿಹರಕ್ಕೆ ಹೋಗುವ ಕಾಯಿಲೆ. ಅಲ್ಲಿನ ಅಜ್ಜ ಭಾನುವಾರ ಬುಧವಾರ ಬೆಳಗ್ಗೆ ಯಾವುದೋ ರಸವನ್ನು ರೋಗಿಯ ಅಂಗೈಗೆ ಬಳಿದು, ಸುಣ್ಣದ ತಿಳಿನೀರಿನಲ್ಲಿ ಕೈ ತೊಳೆಸುತ್ತಾನೆ. ಮೈಯೊಳಗಿನ ಕಾಮಾಲೆ ಕೈಯಿಂದ ಇಳಿದು ನೀರು ಹಳದಿಯಾಗುತ್ತದೆ. ಆಮೇಲೆ ಒಂದು ಬೇರಿನ ಪುಡಿ ಕೊಡುತ್ತಾನೆ, ಮೂರು ದಿನ ಬರಿಹೊಟ್ಟೆಯಲ್ಲಿ ಮಜ್ಜಿಗೆಗೆ ಹಾಕಿ ಕುಡಿಯಬೇಕು. ಇದನ್ನು ಕೇಳಿದ ಕೂಡಲೇ ನಾನು ಅಂಗಳದಲ್ಲೇ ಎದ್ದು ನಿಂತು ಇಪ್ಪತ್ತು ನಿಮಿಷ ಮಾತಾಡಿದೆ. ನೀರು ಹಳದಿಯಾದ ಮಾತ್ರಕ್ಕೆ ಜಡ್ಡು ಇಳಿಯಿತೆಂದು ಹೇಗೆ ಹೇಳುತ್ತೀರಿ, ಕಾಮಾಲೆ ಬಹಳ ಮಂದಿಗೆ ತಾನಾಗಿಯೇ ಹೋಗುತ್ತದೆ, ಹೋದದ್ದಕ್ಕೆಲ್ಲ ಅಜ್ಜ ಕಾರಣನಾದರೆ ಬೆಳಗಾಗುವುದಕ್ಕೂ ಅಜ್ಜನೇ ಕಾರಣನಾಗಬೇಕು, ಇತ್ಯಾದಿ. ವಠಾರ ಮೆಚ್ಚಿತು. ಗಿರಿಜಕ್ಕ ಮಾತ್ರ ಅಕ್ಕಿ ಆರಿಸುತ್ತಿದ್ದ ಮೊರದಿಂದ ತಲೆ ಎತ್ತದೆ ಹೇಳಿದರು:

"ಅಷ್ಟೆಲ್ಲ ಯಾಕ ಮೇಷ್ಟ್ರೇ? ಜಡ್ಡಿಲ್ಲದೋರ ಕೈನೂ ತೊಳೆಸಿ ನೋಡಿದ್ರ ಮುಗೀತಲ್ಲ. ನಮ್ಮ ಜೊತಿ ನೀವೂ ಬರ್ರಿ."

ವಿಜ್ಞಾನದ ಚರಿತ್ರೆಯನ್ನು ಓದಿದವನಾಗಿ ಹೇಳುತ್ತೇನೆ, ನಾನಾಡಿದ ಇಪ್ಪತ್ತು ನಿಮಿಷಕ್ಕಿಂತ ಆ ಒಂದು ಮಾತು ದೊಡ್ಡದು. ಮಾತು ಗೆಲ್ಲುವುದಕ್ಕೆ ಬೇಕು. ತಿಳಿಯುವುದಕ್ಕೆ ಬೇಕಾದದ್ದು ಜಡ್ಡಿಲ್ಲದ ಒಂದು ಕೈ. ಮರುವಾರ ನಾನು ಇದನ್ನೇ ಕರಿಹಲಗೆಯ ಮೇಲೆ ಬರೆದು ಹುಡುಗರಿಗೆ ಪಾಠ ಮಾಡಿದೆ. ಗಿರಿಜಕ್ಕನ ಹೆಸರು ಹೇಳಲಿಲ್ಲ.

ಭಾನುವಾರ ಮೂವರೂ ಹರಿಹರಕ್ಕೆ ಹೋದೆವು. ಚನ್ನಪ್ಪನವರು ಬಸ್ಸಿನ ಕಿಟಕಿಗೆ ತಲೆಕೊಟ್ಟು ಕೂತಿದ್ದರು; ನಾನು ದಾರಿಯುದ್ದಕ್ಕೂ ಅಜ್ಜನಿಗೆ ಕೇಳಬೇಕಾದ ಪ್ರಶ್ನೆಗಳನ್ನು ಮನಸ್ಸಿನಲ್ಲಿ ಸಾಲಾಗಿ ನಿಲ್ಲಿಸುತ್ತಿದ್ದೆ. ಹೊಳೆಯ ಕಡೆ ಇಳಿಯುವ ಓಣಿಯಲ್ಲಿ ಅಜ್ಜನ ಮನೆ, ಮುಂದೆ ಕಟ್ಟೆ, ಕಟ್ಟೆಯ ಪಕ್ಕ ಮಾವಿನ ತೊಗಟೆಯ ಒಂದು ಸಣ್ಣ ಗುಡ್ಡೆ. ಆ ಗುಡ್ಡೆಯನ್ನು ನಾನು ಕಂಡೆ. ಕಂಡದ್ದನ್ನು ನೆನಪಿಟ್ಟುಕೊಳ್ಳಿ, ನಾನು ಇಟ್ಟುಕೊಳ್ಳಲಿಲ್ಲ. ಅಜ್ಜನನ್ನು ಕಂಡೊಡನೆ ನನ್ನ ಅರ್ಧ ಸಾಮಗ್ರಿ ಕೆಲಸಕ್ಕೆ ಬಾರದಾಯಿತು. ಮೋಸಗಾರ ಎಂದು ತಯಾರಿ ಮಾಡಿಕೊಂಡು ಹೋಗಿದ್ದೆ. ಅವನು ಎಲೆ ಅಡಿಕೆ ಬಿಟ್ಟು ಏನನ್ನೂ ಮುಟ್ಟುವವನಲ್ಲ. ಸುಳ್ಳು ಹೇಳುವವನೂ ಅಲ್ಲ. ತಾನು ಹೇಳಿದ್ದನ್ನೆಲ್ಲ ನಂಬಿದ್ದ.

ಅಜ್ಜ ಚನ್ನಪ್ಪನವರ ಕೈ ತೊಳೆಸಿದ. ಬಿಳಿ ಪಿಂಗಾಣಿ ಬೋಗುಣಿಯ ನೀರು ನೋಡನೋಡುತ್ತಿದ್ದಂತೆ ಹಳದಿಯಾಯಿತು. ಆಮೇಲೆ ನಾನು ಕೈ ಚಾಚಿ, ನನಗೆ ಯಾವ ಜಡ್ಡೂ ಇಲ್ಲ, ಸುಮ್ಮನೆ ನೋಡೋಣ, ತೊಳೆಸಿರಿ ಎಂದೆ. ಅಜ್ಜ ಬೇಸರ ಮಾಡಿಕೊಳ್ಳಲಿಲ್ಲ. ನೀರು ಬದಲಿಸಿದ, ರಸ ಬಳಿದ, ತೊಳೆಸಿದ. ಅದೂ ಹಳದಿಯಾಯಿತು, ಅಷ್ಟೇ ಹಳದಿ. ನಾನು ಸುತ್ತಲಿದ್ದವರ ಕಡೆ ತಿರುಗಿ, ಕೊನೆಯ ಅಂಶ ಮಂಡಿಸುವವನ ಹಾಗೆ ಎರಡೂ ಕೈ ಎತ್ತಿ ನಿಂತೆ. ಅಜ್ಜ ಬೋಗುಣಿಯನ್ನು ಬೆಳಕಿಗೆ ಓರೆ ಮಾಡಿ ನೋಡಿ, ಬಹಳ ಕನಿಕರದಿಂದ, "ನಿನಗೂ ಐತಪ್ಪ. ಒಳಗೈತೆ, ಇನ್ನೂ ಹೊರಗ ಬಂದಿಲ್ಲ. ಮುಂದಿನ ಭಾನುವಾರ ಬಾ" ಎಂದ.

ಚರ್ಚಾಸ್ಪರ್ಧೆಯಲ್ಲಿ ಈ ತರಹದ ಹೊಡೆತವನ್ನು ನಾನು ತಿಂದದ್ದಿಲ್ಲ. ನೀರು ಹಳದಿಯಾದರೂ ಅಜ್ಜ ಗೆದ್ದ, ಆಗದಿದ್ದರೆ ನನಗೆ ಜಡ್ಡಿಲ್ಲ ಎಂದು ಆಗಲೂ ಗೆಲ್ಲುತ್ತಿದ್ದ. ಯಾವ ಉತ್ತರ ಬಂದರೂ ಸೋಲದ ಮಾತನ್ನು ಪರೀಕ್ಷೆ ಮಾಡುವುದು ಹೇಗೆ? ಗಿರಿಜಕ್ಕನಿಗೆ ಗೊತ್ತಿತ್ತು. ಆಕೆ ಬಳೆ ಹಿಂದಕ್ಕೆ ಸರಿಸಿ ಮುಂದೆ ಬಂದು, ಹಂಗಾದರೆ ನನ್ನ ಕೈನೂ ತೊಳೆಸಿರಿ ಅಜ್ಜಾ, ಅದಾದ ಮೇಲೆ ಅಲ್ಲಿ ನಿಂತಿರುವವರ ಕೈಯನ್ನೂ ತೊಳೆಸಿರಿ ಎಂದರು. ಬಸುರಿಯ ಕೈ ತೊಳೆಸುವ ಪದ್ಧತಿ ಇಲ್ಲವೆಂದು ಅಜ್ಜ ಬೋಗುಣಿ ಎತ್ತಿಟ್ಟ. ಉಳಿದವರನ್ನಾದರೂ ಒಪ್ಪಿಸಬಹುದಿತ್ತು. ಆದರೆ ನಾನು ಆಗಲೇ ನಗುತ್ತಾ ಓಣಿಯ ತಿರುವು ದಾಟಿದ್ದೆ. ಗೆದ್ದವನು ಸಭೆಯಲ್ಲಿ ನಿಲ್ಲಬಾರದೆಂದು ನಮಗೆ ಕಲಿಸಿದ್ದರು. ಹೀಗೆ ನಮ್ಮ ಪರೀಕ್ಷೆ ಒಂದೇ ಕೈಗೆ ಮುಗಿಯಿತು.

ಮುಂದಿನ ಎರಡು ವಾರ ನನ್ನ ಬದುಕಿನ ಬಹಳ ಸುಖದ ದಿನಗಳು. ಸ್ಟಾಫ್ ರೂಮಿನಲ್ಲಿ ಕಥೆ ಹೇಳಿದೆ. ಅಜ್ಜನ ದನಿಯನ್ನು ಅನುಕರಿಸಿ ಹೇಳಿದೆ. ಇನ್ನೊಮ್ಮೆ ಹೇಳಿ ಎಂದರೆ ಇನ್ನೊಮ್ಮೆ ಹೇಳಿದೆ. ಊರಿಗೆ ಈ ಕಥೆ ಹರಡಿದ್ದು ಹರಿಹರದಿಂದಲ್ಲ, ನನ್ನ ಬಾಯಿಂದ. ಸಂಜೆ ಗಿರಿಜಕ್ಕನ ರೊಟ್ಟಿ ತಿನ್ನುತ್ತಾ ವಿಜ್ಞಾನದ ಬಗ್ಗೆ ಇನ್ನೂ ಎರಡು ದೊಡ್ಡ ಮಾತು ಹೇಳಿದೆ. ಒಂದು, ಒಂದು ಸಲಕ್ಕೆ ಒಂದೇ ಸಂಗತಿಯನ್ನು ಬದಲಿಸಬೇಕು, ಇಲ್ಲವಾದರೆ ಯಾವುದರಿಂದ ಏನಾಯಿತೆಂದು ತಿಳಿಯುವುದಿಲ್ಲ. ಎರಡು, ಉತ್ತರ ನಮಗೆ ಬೇಕಾದ ಹಾಗೆ ಬರದಿದ್ದರೂ ಒಪ್ಪಿಕೊಳ್ಳಬೇಕು. ಎರಡನೆಯದನ್ನು ಆಕೆ ಇನ್ನೊಮ್ಮೆ ಹೇಳಿಸಿ ಕೇಳಿದರು. ಅಷ್ಟರಲ್ಲಿ ಚನ್ನಪ್ಪನವರು ಗುಣವಾಗಿ ಮಿಲ್ಲಿಗೆ ಹೋಗತೊಡಗಿದ್ದರು.

ಹತ್ತೊಂಬತ್ತನೆಯ ದಿನ ಎಂದು ಹೇಳಿ ಕಥೆಯವರನ್ನು ತಿದ್ದುವ ಆಸೆ ಇದೆ, ಆದರೆ ಹದಿನೆಂಟನೆಯದೇ. ನಾಲ್ಕು ದಿನದಿಂದ ಊಟ ಸೇರುತ್ತಿರಲಿಲ್ಲ. ಸಂಜೆ ರೊಟ್ಟಿ ತಂದ ಗಿರಿಜಕ್ಕ ಬಾಗಿಲಲ್ಲೇ ನಿಂತು, "ಮೇಷ್ಟ್ರೇ, ಇತ್ತ ಬೆಳಕಿಗೆ ಬರ್ರಿ" ಎಂದರು. ಬಂದೆ. ಆಕೆ ನನ್ನ ಕಣ್ಣು ನೋಡಿದರು, ರೊಟ್ಟಿಯ ತಟ್ಟೆಯನ್ನು ವಾಪಸು ತೆಗೆದುಕೊಂಡು ಹೋದರು. ನನ್ನ ಕಾಯಿಲೆಯನ್ನು ಇಷ್ಟು ಚುಟುಕಾಗಿ ಯಾರೂ ಹೇಳಲಾರರು.

ಡಾಕ್ಟರರು ಗ್ಲೂಕೋಸು ಬರೆದುಕೊಟ್ಟು, ಮಲಗಿರು, ನೀರು ಕಾಯಿಸಿ ಕುಡಿ ಎಂದರು. ಈ ಜಡ್ಡು ಕಣ್ಣಿಗೆ ಬರುವ ಮೊದಲು ಎಷ್ಟೋ ವಾರ ಒಳಗೇ ಇರುತ್ತದೆ, ನೀರಿನಿಂದ ಬರುತ್ತದೆ ಎಂದೂ ಹೇಳಿದರು. ಅಂದರೆ ನಾನು ಹರಿಹರದಲ್ಲಿ ಜಂಬದಿಂದ ಚಾಚಿದ ಕೈ ಜಡ್ಡಿಲ್ಲದವನ ಕೈ ಆಗಿರಲೇ ಇಲ್ಲ. ಕೋಟಿಗಟ್ಟಲೆ ಜನರಿರುವ ದೇಶದಲ್ಲಿ ನಾನು ಆರಿಸಿಕೊಂಡ ಒಂದೇ ಒಂದು ನಿರೋಗಿ ಕೈಯೊಳಗೆ ರೋಗವಿತ್ತು. ಇದನ್ನು ನೋಡಲು ಬರುವವರಿಗೆಲ್ಲ ವಿವರಿಸಿದೆ. ಅವರು, ಹೌದೌದು, ಅಜ್ಜನೂ ಅದನ್ನೇ ಹೇಳಿದನಲ್ಲ, 'ಒಳಗೈತೆ' ಅಂತ, ಎಂದು ಒಪ್ಪಿಕೊಂಡು ಒಂದೊಂದು ಕಿತ್ತಳೆಹಣ್ಣು ಇಟ್ಟು ಹೋದರು. ಜನ ಜಾಸ್ತಿಯಾದರು. ಮಿಲ್ಲಿನವರು ಬಂದರು, ಪರಿಚಯವಿಲ್ಲದವರು ಬಂದರು, ನನ್ನ ಕಣ್ಣಿನ ರೆಪ್ಪೆ ಎತ್ತಿ ನೋಡಿ ಹರಿಹರಕ್ಕೆ ಹೋದರು.

ಇಲ್ಲಿ ಒಂದು ತಪ್ಪೊಪ್ಪಿಗೆ ಇದೆ. ಹಾಸಿಗೆ ಹಿಡಿದ ಆರನೆಯ ದಿನ, ಓಕರಿಕೆಯಿಂದ ಪ್ರಾಣ ಹೋಗುತ್ತಿದ್ದಾಗ, ಗಿರಿಜಕ್ಕ ಹರಿಹರದಿಂದ ಪುಡಿ ತರಿಸಿ, ಮಜ್ಜಿಗೆಗೆ ಕಲಸಿ, ಲೋಟವನ್ನು ನನ್ನ ತಲೆದಿಂಬಿನ ಪಕ್ಕದಲ್ಲಿಟ್ಟು ಹೋದರು. ಕುಡಿಯಿರಿ ಎನ್ನಲಿಲ್ಲ. ಅವ್ವ ಗೋಡೆಯ ಕಡೆ ತಿರುಗಿ ನಿಂತಳು. ನಾನು ಕುಡಿದೆ. ಮರುದಿನವೂ, ಮೂರನೆಯ ದಿನವೂ. ಗ್ಲೂಕೋಸನ್ನೂ ಬಿಡಲಿಲ್ಲ. ಒಂದು ಸಲಕ್ಕೆ ಒಂದೇ ಸಂಗತಿಯನ್ನು ಬದಲಿಸಬೇಕೆಂದು ಕರಿಹಲಗೆಯ ಮೇಲೆ ಬರೆಯುವ ನಾನು ಡಾಕ್ಟರು, ಅಜ್ಜ, ವಿಶ್ರಾಂತಿ, ಕಿತ್ತಳೆ ನಾಲ್ಕನ್ನೂ ಒಟ್ಟಿಗೆ ನುಂಗಿ ಗುಣವಾದೆ. ಯಾವುದರಿಂದ ಎಂದು ಈಗ ದೇವರೇ ಹೇಳಬೇಕು, ಅವನನ್ನು ನಾನು ನಂಬುವುದಿಲ್ಲ. ಖಾಲಿ ಲೋಟ ತೆಗೆದುಕೊಂಡು ಹೋಗಲು ಬಂದ ಗಿರಿಜಕ್ಕ ಪ್ರತಿ ಸಲವೂ ಅದರ ತಳ ನೋಡಿ ಹೋದರು.

ನಾನು ಎದ್ದು ಓಡಾಡುವ ಹೊತ್ತಿಗೆ ಆಕೆಯ ಕಣ್ಣು ಹಳದಿಯಾದವು. ಆಗ ಆಕೆಗೆ ಏಳು ತುಂಬಿತ್ತು. ಬಸುರಿಗೆ ಈ ಜಡ್ಡು ಕೆಟ್ಟದ್ದು ಎಂದು ಡಾಕ್ಟರರು ಹಿಂದೊಮ್ಮೆ ಹೇಳಿದ್ದು ನನಗೆ ನೆನಪಿತ್ತು. ಗೋಡೆ ಹಿಡಿದುಕೊಂಡು ಎದುರು ಮನೆಗೆ ಹೋಗಿ, ಆಸ್ಪತ್ರೆಗೆ ಹೋಗಲು ಕಾರಣಗಳನ್ನು ಒಂದೊಂದಾಗಿ ಮಂಡಿಸಿದೆ. ಐದು ಕಾರಣ. ಗಿರಿಜಕ್ಕ ಒಲೆಯ ಮುಂದೆ ಕೂತು ಕೇಳಿದರು. ನನ್ನನ್ನು ಗೇಲಿ ಮಾಡುವಾಗ ಆಕೆ ತಮ್ಮಾ ಎನ್ನುತ್ತಿದ್ದರು. ಆವತ್ತೂ ಹಾಗೇ ಕರೆದರು, ಗೇಲಿ ಇರಲಿಲ್ಲ.

"ಐದು ಯಾಕ ತಮ್ಮಾ, ಒಂದು ಸಾಕಿತ್ತು. ಅಜ್ಜನ್ನ ಮೊದಲು ನಂಬದೋಳು ನಾನು. ಜಡ್ಡಿಲ್ಲದೋರ ಕೈ ತೊಳೆಸಿ ನೋಡೋಣ ಅಂದೋಳೂ ನಾನು. ತೊಳೆಸಿದ್ವಿ. ಐತೆ ಅಂದ, ಇತ್ತು. ಉತ್ತರ ನಮಗ ಬೇಕಾದಂಗ ಬರದಿದ್ರೂ ಒಪ್ಪಬೇಕು ಅಂದೋರು ನೀವಲ್ಲೇನ್ರಿ?"

ಒಂದು ಕೈ ಸಾಲದು ಎಂದು ಹೇಳಬೇಕಿತ್ತು. ಹೇಳಿದೆ. ನಿಮ್ಮೆಜಮಾನರು, ನಾನು, ಇಬ್ಬರೂ ಸುಮ್ಮನೆ ಮಲಗಿದ್ದರೂ ಗುಣವಾಗುತ್ತಿದ್ದೆವು ಎಂದೂ ಹೇಳಿದೆ. ಆಕೆ, ಹಾಗಾದರೆ ಲೋಟ ಯಾಕೆ ಖಾಲಿ ಮಾಡಿದಿರಿ ಎಂದು ಕೇಳಲಿಲ್ಲ. ಕೇಳಿದ್ದರೆ ನಾನೂ ಬಾಯಿಬಿಡುತ್ತಿದ್ದೆನೇನೋ: ಹೆದರಿ ಕುಡಿದೆ ಅಕ್ಕಾ, ಅದರಲ್ಲಿ ಯಾವ ಸಾಕ್ಷ್ಯವೂ ಇಲ್ಲ, ನನ್ನನ್ನು ನೋಡಿ ಹೋಗಬೇಡಿರಿ ಎಂದು. ಅಷ್ಟು ಹೇಳಿದ್ದರೆ ಸಾಕಿತ್ತೋ ಏನೋ. ಆದರೆ ಐದು ಅಂಶಗಳಲ್ಲಿ ಅದೊಂದು ಇರಲಿಲ್ಲ. ಎದುರು ಪಕ್ಷಕ್ಕೆ ಅನುಕೂಲವಾಗುವುದನ್ನು ತಾನಾಗಿ ಹೇಳಬಾರದೆಂಬುದು ನನ್ನ ವಿದ್ಯೆಯ ಮೊದಲ ಪಾಠ. ಬುಧವಾರ ಗಂಡಹೆಂಡತಿ ಹರಿಹರಕ್ಕೆ ಹೋಗಿ ಬಂದರು. ಅಜ್ಜ ಕೈ ತೊಳೆಸಲಿಲ್ಲ, ಪುಡಿ ಮಾತ್ರ ಕೊಟ್ಟ.

ಶನಿವಾರ ಮಧ್ಯಾಹ್ನ ಗಿರಿಜಕ್ಕ ಬಾವಿಕಟ್ಟೆಯ ಮೇಲೆ ಕೂತು, ಮಿಲ್ಲಿನಿಂದ ಬಂದ ಗಂಡನನ್ನು ಹೆಸರು ಹಿಡಿದು ಕರೆದರು. "ಚನ್ನಪ್ಪಾ, ಕೊಡ ಇಳಿಸು ಬಾ." ಆರು ವರ್ಷದಲ್ಲಿ ಒಂದು ದಿನವೂ ಆಕೆಯ ಬಾಯಲ್ಲಿ ಆ ಹೆಸರು ಬಂದಿರಲಿಲ್ಲ, ಒಗಟು ಹಾಕಿ ಕೇಳಿದರೂ ಹೇಳಿದವರಲ್ಲ. ವಠಾರವೆಲ್ಲ ನಕ್ಕಿತು. ನಾನೂ ನಕ್ಕೆ. ಚನ್ನಪ್ಪನವರು ನಾಚಿಕೊಂಡು, ಇಲ್ಲದ ಕೊಡಕ್ಕಾಗಿ ಸುತ್ತ ನೋಡಿದರು. ಅವ್ವ ಮಾತ್ರ ನಗದೆ ಹತ್ತಿರ ಹೋಗಿ, ಆಕೆಯ ಗಲ್ಲ ಹಿಡಿದೆತ್ತಿ ಮುಖ ನೋಡಿ, ಜಟಕಾ ತರಿಸು ಅಂದಳು. ಗಿರಿಜಕ್ಕನ ಬುದ್ಧಿ ಆಗಲೇ ಜಾರತೊಡಗಿತ್ತು. ಆಸ್ಪತ್ರೆಗೆ ಹೋಗುವ ಜಟಕಾದಲ್ಲಿ ನನ್ನನ್ನು ನೋಡಿ, ಇವತ್ತು ಹುಡುಗರಿಗೆ ಏನು ಹೇಳಿಕೊಟ್ಟಿರಿ ಎಂದು ಎರಡು ಸಲ ಕೇಳಿದರು. ಭಾನುವಾರ ಬೆಳಗ್ಗೆ ಮಗು ಹೊಟ್ಟೆಯಲ್ಲಿರುವಂತೆಯೇ ತೀರಿಕೊಂಡರು.

ಮೂರು ದಿನ ಮೊದಲೇ ಕರೆತಂದಿದ್ದರೆ ಎಂದು ನಾನು ಡಾಕ್ಟರರನ್ನು ಕೇಳಿದೆ. ಉಳಿಯುತ್ತಿದ್ದರು ಎಂದು ಹೇಳಲಾರೆ, ಉಳಿಯುತ್ತಿರಲಿಲ್ಲ ಎಂದೂ ಹೇಳಲಾರೆ ಎಂದರು. ಅವರ ಮೇಲೆ ನನಗೆ ವಿಪರೀತ ಸಿಟ್ಟು ಬಂತು. ಆಮೇಲೆ ಗೊತ್ತಾಯಿತು, ಈ ಇಡೀ ಪ್ರಕರಣದಲ್ಲಿ ವಿಜ್ಞಾನಿಯ ಹಾಗೆ ಮಾತಾಡಿದವರು ಇಬ್ಬರೇ, ಅವರೊಬ್ಬರು ಮತ್ತು ಗಿರಿಜಕ್ಕ. ಹೆಲ್ತ್ ಇನ್ಸ್‌ಪೆಕ್ಟರ್ ಬಂದು, ಬಾವಿಗೂ ಕಕ್ಕಸಿನ ಗುಂಡಿಗೂ ನಡುವೆ ಆರು ಹೆಜ್ಜೆ ಎಣಿಸಿ, ಬಾವಿಗೆ ಬ್ಲೀಚಿಂಗ್ ಪೌಡರ್ ಸುರಿಸಿ ಹೋದ. ಹರಿಹರದ ಬೋಗುಣಿಯ ನೀರನ್ನು ಅಷ್ಟು ಅನುಮಾನಿಸಿದ ನಾನು ನಮ್ಮ ಬಾವಿಯ ನೀರನ್ನು ಅನುಮಾನಿಸಿರಲಿಲ್ಲ. ಡಾಕ್ಟರರು ಕಾಯಿಸಿ ಕುಡಿ ಎಂದಾಗ ನನ್ನ ನೀರು ಕಾಯಿಸಿಕೊಂಡೆ, ಎದುರು ಮನೆಗೆ ಹೋಗಿ ಹೇಳಲಿಲ್ಲ. ಇನ್ನು ಊರಿನವರಿಗೆ ಈ ಸಾವಿನಿಂದ ಏನೂ ತೊಂದರೆಯಾಗಲಿಲ್ಲ. ಬಸುರಿ, ಕೈ ತೊಳೆಸಲಿಕ್ಕೆ ಬರಲಿಲ್ಲ, ಅದಕ್ಕೇ ಇಳಿಯಲಿಲ್ಲ ಎಂದರು. ಅಜ್ಜನ ಮಾತು ಮೊದಲಿನ ಹಾಗೇ ಸೋಲದೆ ನಿಂತಿತು.

ತಿಂಗಳಾದ ಮೇಲೆ ಒಂದು ಭಾನುವಾರ ಕಾಲೇಜಿನ ಕಾಂಪೌಂಡಿನ ಮಾವಿನ ಮರದಿಂದ ಎರಡು ಚೂರು ತೊಗಟೆ ಕೆತ್ತಿ ತಂದೆ. ಜಜ್ಜಿ ರಸ ತೆಗೆದೆ. ಅವ್ವನ ಎಲೆಅಡಿಕೆ ಚೀಲದ ಸುಣ್ಣವನ್ನು ನೀರಿಗೆ ಹಾಕಿ ಒಂದು ಬೋಗುಣಿಗೆ ತಿಳಿ ಬಸಿದುಕೊಂಡೆ. ಎದುರು ಮನೆ ಖಾಲಿ ಮಾಡಲು ಪಾತ್ರೆ ಕಟ್ಟುತ್ತಿದ್ದ ಚನ್ನಪ್ಪನವರನ್ನು ಕರೆದು ಅಂಗಳದಲ್ಲಿ ಕೂರಿಸಿದೆ. ನನ್ನ ಕೈ ತೊಳೆದೆ, ಹಳದಿ. ಅವ್ವನ ಕೈ ತೊಳೆಸಿದೆ, ಹಳದಿ. ಕೊನೆಗೆ ಮರದ ಸೌಟಿಗೆ ರಸ ಬಳಿದು ಅದ್ದಿದೆ, ಸೌಟಿಗೂ ಕಾಮಾಲೆ. ಹತ್ತು ನಿಮಿಷದ ಕೆಲಸ. ದಿನಾ ಇದೇ ತರಹದ ಬಣ್ಣದಾಟವನ್ನು ಹುಡುಗರಿಗೆ ತೋರಿಸಿ ಸಂಬಳ ತೆಗೆದುಕೊಳ್ಳುವವನಿಗೆ ಇದನ್ನು ಮಾಡಿ ನೋಡಬೇಕೆಂದು ತೋಚಲು ಒಂದು ಸಾವು ಬೇಕಾಯಿತು.

ಚನ್ನಪ್ಪನವರು ಬೋಗುಣಿಯೊಳಗೆ ಬಗ್ಗಿ ನೋಡಿದರು. ನಾನು ವಿವರಿಸಲು ಬಾಯಿ ತೆರೆದೆ. ಬ್ಯಾಡ ಎನ್ನುವಂತೆ ಕೈ ಎತ್ತಿದರು. ಆಮೇಲೆ, ನಾನು ಅವರಿಂದ ಕೇಳಿದ ಎಲ್ಲಕ್ಕಿಂತ ಉದ್ದದ ಮಾತನ್ನು, ಸಿಟ್ಟಿಲ್ಲದೆ, ನಿಜವಾಗಿ ತಿಳಿದುಕೊಳ್ಳಬೇಕೆಂಬಂತೆ ಕೇಳಿದರು:

"ಮೇಷ್ಟ್ರು ಮೂರು ದಿನಾನೂ ಲೋಟ ಖಾಲಿ ಮಾಡ್ಯಾರ, ಹನಿನೂ ಬಿಟ್ಟಿಲ್ಲ ಅಂತ ಬಸ್ಸಿನಾಗ ಹೇಳಿದ್ಲು ಆಕಿ. ಅದೇ ಧೈರ್ಯದ ಮ್ಯಾಲ ಹೋದ್ಲು. ನೀವು ಅದನ್ನ ನಂಬಿ ಕುಡಿದ್ರೋ, ನಂಬದ ಕುಡಿದ್ರೋ?"